ಎರಡು ಪ್ರತಿ ಇದ್ದರೆ ಸಾಲದು, ತಾಳೆಯಾಗಬೇಕು
ಕಂಪ್ಯೂಟರಿನ ಫೋಲ್ಡರುಗಳನ್ನು ಹೋಲಿಸಿ ಸರಿಹೊಂದಿಸುವ ಕುರಿತು ಒಂದು ಪಾಠ



ತಾಳೆ ನೋಡುವುದೆಂದರೇನು ಎಂದು ಬೆಳೆಗಾರರಿಗೆ ಹೊಸದಾಗಿ ಹೇಳಿಕೊಡಬೇಕಾದ್ದಿಲ್ಲ. ಸಂಘಕ್ಕೆ ಅಡಿಕೆ ಹಾಕಿದಾಗ ಸಂಘದ ಖಾತೆಯಲ್ಲಿ ಒಂದು ನಮೂದು, ನಮ್ಮ ಪಾಸ್‌ಪುಸ್ತಕದಲ್ಲಿ ಒಂದು ನಮೂದು. ವರ್ಷದ ಕೊನೆಗೆ ಎರಡನ್ನೂ ಪಕ್ಕಪಕ್ಕದಲ್ಲಿ ಇಟ್ಟುಕೊಂಡು ಸಾಲಿಗೆ ಸಾಲು ಬೆರಳಿಟ್ಟು ನೋಡುತ್ತೇವೆ. ವ್ಯತ್ಯಾಸ ಕಂಡರೆ ಕೂಡಲೇ ಒಂದನ್ನು ಹೊಡೆದು ಹಾಕುವುದಿಲ್ಲ. ಯಾವುದು ಸರಿ ಎಂದು ತೂಕದ ಚೀಟಿ ತೆಗೆಸಿ ನೋಡಿ, ಆಮೇಲೆ ತಿದ್ದುತ್ತೇವೆ.

ಇಷ್ಟು ಜಾಗರೂಕರಾದ ನಾವೇ ಕಂಪ್ಯೂಟರಿನ ಮುಂದೆ ಕುಳಿತಾಗ ಈ ಬುದ್ಧಿಯನ್ನು ಮರೆತುಬಿಡುತ್ತೇವೆ. ಈಗ ಬಹಳ ಮಂದಿ ಸದಸ್ಯರ ಮನೆಯಲ್ಲಿ ಕಂಪ್ಯೂಟರು ಇದೆ. ಆಳುಗಳ ಹಾಜರಿ, ಕುಯ್ಲಿನ ತೂಕ, ಮುಂಗಡದ ಲೆಕ್ಕ, ಮಳೆ ಲೆಕ್ಕ, ಪಹಣಿಯ ಪ್ರತಿ, ತೋಟದ ಗಡಿಯ ಫೋಟೋ ಎಲ್ಲವೂ ಅದರೊಳಗೆ ಸೇರಿವೆ. ಒಂದು ಪ್ರತಿ ಮನೆಯಲ್ಲಿ, ಇನ್ನೊಂದು ಪೆನ್ ಡ್ರೈವಿನಲ್ಲಿ, ಮತ್ತೊಂದು ಊರಿಂದಾಚೆ ಇರುವ ಮಗನ ಅಥವಾ ಮಗಳ ಬಳಿಯಲ್ಲಿ. ಪ್ರತಿಗಳು ಹೆಚ್ಚಿದಷ್ಟೂ ಧೈರ್ಯ ಹೆಚ್ಚುತ್ತದೆ. ಆದರೆ ತಾಳೆ ನೋಡದ ಎರಡು ಪ್ರತಿ ಒಂದು ಪ್ರತಿಗಿಂತ ಅಪಾಯ. ಇದನ್ನು ನಾನು ಪುಸ್ತಕದಿಂದ ಕಲಿತದ್ದಲ್ಲ, ನಷ್ಟದಿಂದ ಕಲಿತೆ.

ನನಗಾದ ಪಾಠ

2019ರ ಜನವರಿಯ ಮಾತು. ಹೊಸ ವರ್ಷದ ದಿನ ಮನೆಗೆ ಬಂದಿದ್ದ ಮಗ, ಅಡಿಕೆ ಲೆಕ್ಕದಲ್ಲಿ ತಪ್ಪಿದ್ದನ್ನು ಸರಿಪಡಿಸಿಕೊಡುತ್ತೇನೆಂದು ನನ್ನ ಕಂಪ್ಯೂಟರಿನ ‘ತೋಟ’ ಎಂಬ ಫೋಲ್ಡರನ್ನು ಇಡಿಯಾಗಿ ಪೆನ್ ಡ್ರೈವಿಗೆ ಹಾಕಿಕೊಂಡು ಬೆಂಗಳೂರಿಗೆ ಹೋದ. ಇತ್ತ ರೊಬಸ್ಟಾ ಕುಯ್ಲು ನಡೆಯುತ್ತಿತ್ತು. ಸಂಜೆ ಕಣದಲ್ಲಿ ಪ್ರತಿಯೊಬ್ಬರ ಹಣ್ಣು ತೂಗಿ ಚೀಟಿಯಲ್ಲಿ ಬರೆದುಕೊಂಡು, ರಾತ್ರಿ ಊಟವಾದ ಮೇಲೆ ಕಂಪ್ಯೂಟರಿನಲ್ಲಿ ಏರಿಸುತ್ತಿದ್ದೆ. ಏರಿಸಿದ ಮೇಲೆ ಚೀಟಿಗಳು ಬಚ್ಚಲ ಒಲೆಗೆ.

ಸಂಕ್ರಾಂತಿಗೆ ಮಗ ಬಂದ. ಅಡಿಕೆ ಲೆಕ್ಕ ಸೊಗಸಾಗಿ ಸರಿಯಾಗಿತ್ತು. ಪೆನ್ ಡ್ರೈವಿನ ‘ತೋಟ’ವನ್ನು ಎಳೆದು ನನ್ನ ‘ತೋಟ’ದ ಮೇಲೆ ಬಿಟ್ಟೆ. ಇದೇ ಹೆಸರಿನ ಫೈಲುಗಳು ಆಗಲೇ ಇವೆ, ಏನು ಮಾಡಲಿ ಎಂದು ಕಂಪ್ಯೂಟರು ಕೇಳಿತು. ‘ರಿಪ್ಲೇಸ್’ ಎಂಬಲ್ಲಿ ಒತ್ತಿದೆ. ಅಡಿಕೆ ಲೆಕ್ಕ ಹೊಸದಾಯಿತು. ಅದರ ಜೊತೆಗೆ ಕುಯ್ಲಿನ ಲೆಕ್ಕ ಡಿಸೆಂಬರ್ 31ಕ್ಕೆ ಹಿಂದೆ ಹೋಯಿತು. 14 ದಿನದ, 22 ಆಳುಗಳ ತೂಕ ಒಂದು ಒತ್ತಿಗೆ ಅಳಿಸಿಹೋಯಿತು.

ಕಣದಲ್ಲಿ ಒಟ್ಟು ಎಷ್ಟು ಹಣ್ಣು ಬಿದ್ದಿದೆ ಎಂಬುದಕ್ಕೆ ಮೂಟೆಯ ಲೆಕ್ಕವಿತ್ತು. ಆದರೆ ಯಾರದು ಎಷ್ಟು ಎಂಬುದಕ್ಕೆ ಏನಿದೆ? ಕುಯ್ಲಿನ ಕೂಲಿ ಕಿಲೋ ಲೆಕ್ಕದ್ದು. ಒಬ್ಬರದ್ದು ಇನ್ನೊಬ್ಬರ ಹೆಸರಿಗೆ ಹೋದರೆ ಅದು ಅನ್ನಕ್ಕೆ ಕೈ ಹಾಕಿದಂತೆ. ಮರುದಿನ ಎಲ್ಲರನ್ನೂ ಕೂರಿಸಿ ನಡೆದದ್ದನ್ನು ಹೇಳಿದೆ. ಕೆಲವರು ಸುಮ್ಮನಾದರು, ಕೆಲವರು ಮುಖಮುಖ ನೋಡಿಕೊಂಡರು. ಒಬ್ಬಾಕೆ ಎದ್ದು, “ಅಯ್ಯಾ, ನಾನು ನಿಮ್ಮ ಮೆಷೀನು ನಂಬಿ ಕೂತಿಲ್ಲ. ಮಗಳ ಹತ್ರ ದಿನಾ ಬರೆಸಿಟ್ಟಿದೀನಿ,” ಎಂದು ಲೈನಿಗೆ ಹೋಗಿ ಮಗಳ ಶಾಲೆಯ ಪುಸ್ತಕ ತಂದಳು. ಹಿಂದಿನ ಪುಟದಲ್ಲಿ ದಿನಾಂಕ, ಮುಂದೆ ಕಿಲೋ. ಒಂದು ದಿನವೂ ಬಿಟ್ಟಿರಲಿಲ್ಲ. ಆಕೆಯ ಜೊತೆ ಒಂದೇ ಸಾಲಿನಲ್ಲಿ ಕುಯ್ದವರು ಅದನ್ನು ಹಿಡಿದು ತಮ್ಮ ತಮ್ಮ ತೂಕ ನೆನಪು ಮಾಡಿಕೊಂಡರು. ಉಳಿದ ಸಂಶಯವನ್ನು ಆಳುಗಳ ಪರವಾಗಿಯೇ ತೀರ್ಮಾನಿಸಿ ಕೂಲಿ ಕೊಟ್ಟೆ. ಕೈಯಿಂದ ಹೋದ ಹಣಕ್ಕಿಂತ ಅಂದು ತಲೆ ತಗ್ಗಿಸಿ ಕೂತದ್ದೇ ದೊಡ್ಡ ದಂಡ.

ಮಗನ ತಪ್ಪಿರಲಿಲ್ಲ, ಕಂಪ್ಯೂಟರಿನ ತಪ್ಪೂ ಇರಲಿಲ್ಲ. ತಾಳೆ ನೋಡದೆ ತಿದ್ದಿದವನು ನಾನು. ಅದರ ನಂತರ ಕಲಿತು ಇಂದಿಗೂ ನಡೆಸಿಕೊಂಡು ಬಂದಿರುವ ಕ್ರಮವನ್ನು ಇಲ್ಲಿ ಬರೆದಿದ್ದೇನೆ.

ಮೊದಲು ಹೋಲಿಕೆ, ಆಮೇಲೆ ಹೊಂದಿಕೆ

ಕಾಗದದ ಕಚೇರಿಯಲ್ಲಿ ಒಂದೊಂದು ಲೆಕ್ಕವೂ ಒಂದೊಂದು ಪುಸ್ತಕ. ಪುಸ್ತಕಗಳನ್ನು ಇಡುವುದು ಕಪಾಟಿನಲ್ಲಿ. ಕಂಪ್ಯೂಟರಿನಲ್ಲಿ ಪುಸ್ತಕದ ಜಾಗದಲ್ಲಿ ಫೈಲು, ಕಪಾಟಿನ ಜಾಗದಲ್ಲಿ ಫೋಲ್ಡರು. ಎರಡು ಕಪಾಟುಗಳನ್ನು ಎದುರುಬದುರು ಇಟ್ಟು, ಒಂದರಲ್ಲಿರುವ ಪುಸ್ತಕ ಇನ್ನೊಂದರಲ್ಲಿ ಇದೆಯೇ, ಇದ್ದರೆ ಎರಡೂ ಒಂದೇ ರೀತಿ ಇವೆಯೇ ಎಂದು ನೋಡುವುದು ಹೋಲಿಕೆ. ಅದರಂತೆ ಎರಡನ್ನೂ ಒಂದೇ ಸ್ಥಿತಿಗೆ ತರುವುದು ಹೊಂದಿಕೆ. ಇದನ್ನೇ ಈಗ ‘ಸಿಂಕ್ ಮಾಡುವುದು’ ಎನ್ನುತ್ತಾರೆ. ಇವು ಎರಡು ಬೇರೆ ಬೇರೆ ಕೆಲಸಗಳು. ಹೋಲಿಕೆಯಿಂದ ಯಾವ ಹಾನಿಯೂ ಇಲ್ಲ, ಎಷ್ಟು ಸಲ ಬೇಕಾದರೂ ಮಾಡಬಹುದು. ಹೊಂದಿಕೆ ಹಾಗಲ್ಲ, ಅದು ಬರೆಯುತ್ತದೆ ಮತ್ತು ಅಳಿಸುತ್ತದೆ.

ಈ ವಿದ್ಯೆ ಹೊಸದೇನಲ್ಲ. ಎರಡು ಫೈಲುಗಳ ನಡುವೆ ಯಾವ ಸಾಲು ಬೇರೆ ಎಂದು ತೋರಿಸುವ ‘ಡಿಫ್’ ಎಂಬ ಪ್ರೋಗ್ರಾಮು 1970ರ ದಶಕದ ಮೊದಲ ಭಾಗದಲ್ಲಿ ಅಮೆರಿಕದ ಬೆಲ್ ಪ್ರಯೋಗಾಲಯದಲ್ಲಿ ಹುಟ್ಟಿತು. ಮನೆಯ ಮತ್ತು ಕಚೇರಿಯ ಕಂಪ್ಯೂಟರುಗಳ ಫೈಲು ಹೊಂದಿಸಲೆಂದು ವಿಂಡೋಸ್ 95ರಲ್ಲಿ ‘ಬ್ರೀಫ್‌ಕೇಸ್’ ಎಂಬ ಸೌಲಭ್ಯವಿತ್ತು. ಈಗಿನ ವಿಂಡೋಸಿನಲ್ಲಿ ಅದಿಲ್ಲ. 1996ರಲ್ಲಿ ಆಸ್ಟ್ರೇಲಿಯಾದಲ್ಲಿ ಆಂಡ್ರೂ ಟ್ರಿಜೆಲ್ ಮತ್ತು ಪಾಲ್ ಮೆಕೆರಸ್ ಎಂಬವರು ‘ಆರ್‌ಸಿಂಕ್’ ಎಂಬುದನ್ನು ಹೊರತಂದರು. ದೂರದ ಎರಡು ಕಂಪ್ಯೂಟರುಗಳ ನಡುವೆ ಇಡೀ ಫೈಲನ್ನು ಸಾಗಿಸದೆ, ಬದಲಾದ ತುಂಡುಗಳನ್ನು ಮಾತ್ರ ಸಾಗಿಸುವುದು ಅದರ ಉಪಾಯ. ನಮ್ಮ ಕೆಲಸಕ್ಕೆ ಇಷ್ಟೆಲ್ಲ ಬೇಕಾಗುವುದಿಲ್ಲ. ಆದರೆ ಎಲ್ಲದರ ಮೂಲಸೂತ್ರ ಒಂದೇ: ವ್ಯತ್ಯಾಸ ಎಲ್ಲಿದೆ ಎಂದು ಮೊದಲು ತಿಳಿ, ಆಮೇಲೆ ಕೈ ಹಾಕು.

ಹೋಲಿಸುವ ಮೂರು ಬಗೆ

ಮೊದಲನೆಯದು, ಹೆಸರು ಮತ್ತು ಗಾತ್ರ ನೋಡುವುದು. ಇದು ಮೂಟೆ ಎಣಿಸಿದಂತೆ. ಫೋಲ್ಡರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ ‘ಪ್ರಾಪರ್ಟೀಸ್’ ತೆರೆದರೆ ಒಳಗೆ ಎಷ್ಟು ಫೈಲು, ಒಟ್ಟು ಎಷ್ಟು ಗಾತ್ರ ಎಂದು ಕಾಣುತ್ತದೆ. ಎರಡೂ ಕಡೆಯ ಸಂಖ್ಯೆ ಬೇರೆಯಾದರೆ ವ್ಯತ್ಯಾಸವಿರುವುದು ಖಂಡಿತ. ಆದರೆ ಸಂಖ್ಯೆ ಒಂದೇ ಆದರೆ ಒಳಗಿನದೂ ಒಂದೇ ಎಂದಾಗುವುದಿಲ್ಲ. 38 ಕಿಲೋ ಎಂದಿದ್ದ ಕಡೆ 83 ಎಂದು ಬರೆದರೂ ಗಾತ್ರ ಬದಲಾಗದೇ ಇರಬಹುದು.

ಎರಡನೆಯದು, ಗಾತ್ರದ ಜೊತೆ ಕೊನೆಯ ಸಲ ತಿದ್ದಿದ ದಿನಾಂಕ ಮತ್ತು ಗಂಟೆ ನೋಡುವುದು. ಬೇಗ ಮುಗಿಯುತ್ತದೆ, ನಿತ್ಯದ ಬಳಕೆಗೆ ಸಾಕು. ಫೈಲನ್ನು ನಕಲು ಮಾಡಿದಾಗ ವಿಂಡೋಸು ಈ ‘ತಿದ್ದಿದ ದಿನಾಂಕ’ವನ್ನು ಹಾಗೆಯೇ ಉಳಿಸುತ್ತದೆ, ‘ಸೃಷ್ಟಿಸಿದ ದಿನಾಂಕ’ ಮಾತ್ರ ನಕಲಿನ ದಿನದ್ದಾಗುತ್ತದೆ. ಆದ್ದರಿಂದ ನೋಡಬೇಕಾದ್ದು ತಿದ್ದಿದ ದಿನಾಂಕವನ್ನೇ.

ಮೂರನೆಯದು, ಒಳಗಿನದನ್ನು ಅಕ್ಷರಕ್ಕಕ್ಷರ ಓದಿ ನೋಡುವುದು. ಇದಕ್ಕೆ ಹೊತ್ತು ಹಿಡಿಯುತ್ತದೆ, ಫೋಟೋಗಳು ಹೆಚ್ಚಿದ್ದರೆ ಗಂಟೆಗಟ್ಟಲೆ ಬೇಕು. ಆದರೆ ಖಚಿತ. ವರ್ಷಕ್ಕೆ ಒಂದೆರಡು ಸಲ, ಹಳೆಯ ಲೆಕ್ಕವನ್ನು ಶಾಶ್ವತವಾಗಿ ತೆಗೆದಿಡುವಾಗ ಈ ರೀತಿ ನೋಡತಕ್ಕದ್ದು.

ದಿನಾಂಕ ಸುಳ್ಳು ಹೇಳುವ ಸಂದರ್ಭಗಳು

ನಿತ್ಯದ ಹೋಲಿಕೆ ನಿಂತಿರುವುದು ದಿನಾಂಕದ ಮೇಲೆ. ಆದ್ದರಿಂದ ದಿನಾಂಕ ಯಾವಾಗ ಕೈಕೊಡುತ್ತದೆ ಎಂದು ತಿಳಿದಿರಬೇಕು.

ಡೆಸ್ಕ್‌ಟಾಪ್ ಕಂಪ್ಯೂಟರಿನ ಒಳಗಿನ ಬೋರ್ಡಿನಲ್ಲಿ ನಾಣ್ಯದಾಕಾರದ ಒಂದು ಸೆಲ್ ಇರುತ್ತದೆ. ಸಾಮಾನ್ಯವಾಗಿ 3 ವೋಲ್ಟಿನ ‘ಸಿಆರ್ 2032’ ಎಂಬ ಗುರುತಿನದು. ಕರೆಂಟು ಇಲ್ಲದಾಗಲೂ ಗಡಿಯಾರ ನಡೆಸುವುದು ಅದರ ಕೆಲಸ. ನಾಲ್ಕಾರು ವರ್ಷಗಳಲ್ಲಿ ಅದು ಸತ್ತರೆ, ಕರೆಂಟು ಹೋಗಿ ಬಂದಾಗಲೆಲ್ಲ ಗಡಿಯಾರ ಎಷ್ಟೋ ವರ್ಷ ಹಿಂದಕ್ಕೆ ಹಾರುತ್ತದೆ. ಇಂಟರ್‌ನೆಟ್ ಇದ್ದರೆ ತಾನೇ ಸರಿಮಾಡಿಕೊಳ್ಳುತ್ತದೆ. ಮಳೆಗಾಲದಲ್ಲಿ ಲೈನೂ ಇಲ್ಲ, ನೆಟ್‌ವರ್ಕೂ ಇಲ್ಲ ಎಂಬ ದಿನ ನಾವು ಬರೆದ ಲೆಕ್ಕಕ್ಕೆ ಹಳೆಯ ವರ್ಷದ ಮುದ್ರೆ ಬೀಳುತ್ತದೆ. ಆಮೇಲೆ ಹೊಂದಿಸಲು ಹೋದರೆ ಇಂದು ಬರೆದದ್ದೇ ಹಳೆಯದೆಂದು ತಿಳಿದು ಪ್ರೋಗ್ರಾಮು ಅದರ ಮೇಲೆ ಹಳೆಯದನ್ನು ಹೇರುತ್ತದೆ. ಹೊಸ ಸೆಲ್ಲಿಗೆ ಕೊಡುವ ಹಣ ಅಲ್ಪ. ಕಂಪ್ಯೂಟರು ಹಾಕಿದ ಕೂಡಲೇ ಮೂಲೆಯ ದಿನಾಂಕ ನೋಡುವ ಅಭ್ಯಾಸಕ್ಕೆ ಹಣವೇ ಬೇಡ.

ಇನ್ನೊಂದು, ಪೆನ್ ಡ್ರೈವಿನದು. ಹಳೆಯ ಪೆನ್ ಡ್ರೈವುಗಳು ‘ಫ್ಯಾಟ್ 32’ ಎಂಬ ಪದ್ಧತಿಯಲ್ಲಿರುತ್ತವೆ. ಅದರಲ್ಲಿ ತಿದ್ದಿದ ಹೊತ್ತನ್ನು 2 ಸೆಕೆಂಡಿಗೊಂದರಂತೆ ಮಾತ್ರ ಬರೆಯಲು ಸಾಧ್ಯ. ಕಂಪ್ಯೂಟರಿನ ಡಿಸ್ಕು ಇದಕ್ಕಿಂತ ಬಹಳ ಸೂಕ್ಷ್ಮವಾಗಿ ಬರೆಯುತ್ತದೆ. ಹೀಗಾಗಿ ಒಂದೇ ಫೈಲಿಗೆ ಎರಡು ಕಡೆ ಒಂದೆರಡು ಸೆಕೆಂಡು ವ್ಯತ್ಯಾಸ ಕಂಡರೆ ಗಾಬರಿ ಬೇಡ. ಒಳ್ಳೆಯ ಪ್ರೋಗ್ರಾಮುಗಳು ಇಷ್ಟನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ವ್ಯತ್ಯಾಸ ಸರಿಯಾಗಿ ಐದೂವರೆ ಗಂಟೆಯಾದರೆ, ಒಂದು ಕಂಪ್ಯೂಟರಿನಲ್ಲಿ ಭಾರತದ ಕಾಲಮಾನ ಹೊಂದಿಸಿಲ್ಲ ಎಂದು ಸಂಶಯಪಡಬೇಕು.

ಮೂರನೆಯದು ನಮ್ಮದೇ ತಪ್ಪು. ಲೆಕ್ಕ ಸುಮ್ಮನೆ ನೋಡಲೆಂದು ತೆರೆದು, ಮುಚ್ಚುವಾಗ ‘ಸೇವ್’ ಒತ್ತಿಬಿಡುತ್ತೇವೆ. ಏನೂ ತಿದ್ದದಿದ್ದರೂ ದಿನಾಂಕ ಹೊಸದಾಗುತ್ತದೆ. ಹೊಸ ದಿನಾಂಕದ್ದೆಲ್ಲ ಹೊಸ ಲೆಕ್ಕವಲ್ಲ ಎಂಬುದನ್ನು ನೆನಪಿಡಬೇಕು.

ಹೊಂದಿಸುವ ಮೂರು ಬಗೆ

ಕೊಳೆರೋಗಕ್ಕೆ ಬೋರ್ಡೋ ದ್ರಾವಣ ಮಾಡುವಾಗ 1 ಕಿಲೋ ಮೈಲುತುತ್ತ, 1 ಕಿಲೋ ಸುಣ್ಣ, 100 ಲೀಟರು ನೀರು ಎಂಬ ಲೆಕ್ಕ ಎಲ್ಲರಿಗೂ ಗೊತ್ತು. ಆದರೆ ಲೆಕ್ಕ ಸರಿಯಿದ್ದರೆ ಸಾಲದು. ಮೈಲುತುತ್ತದ ನೀರನ್ನು ಸುಣ್ಣದ ನೀರಿಗೆ ಹೊಯ್ಯಬೇಕು, ಸುಣ್ಣದ ನೀರನ್ನು ಮೈಲುತುತ್ತಕ್ಕೆ ಹೊಯ್ದರೆ ದ್ರಾವಣ ಕೆಟ್ಟಿತು. ಫೋಲ್ಡರು ಹೊಂದಿಸುವುದರಲ್ಲಿಯೂ ಯಾವುದು ಯಾವುದಕ್ಕೆ ಎಂಬ ದಿಕ್ಕೇ ಮುಖ್ಯ.

‘ಮಿರರ್’ ಎಂದರೆ ಕನ್ನಡಿ. ಎಡದಲ್ಲಿ ಇದ್ದಂತೆ ಬಲವನ್ನು ಮಾಡುವುದು. ಎಡದಲ್ಲಿ ಇಲ್ಲದ್ದು ಬಲದಲ್ಲಿ ಇದ್ದರೆ ಅದನ್ನು ಅಳಿಸುತ್ತದೆ. ನಾವು ಒಂದೇ ಕಡೆ ಬರೆಯುವವರಾಗಿ, ಇನ್ನೊಂದು ಕೇವಲ ಕಾಪಿಟ್ಟ ಪ್ರತಿಯಾಗಿದ್ದರೆ ಇದು ಸರಿಯಾದ ಬಗೆ. ದಿಕ್ಕು ತಪ್ಪಿದರೆ ಮಾತ್ರ ಇದರಷ್ಟು ಹಾನಿ ಮಾಡುವುದು ಬೇರೊಂದಿಲ್ಲ.

‘ಅಪ್‌ಡೇಟ್’ ಎಂದರೆ ಎಡದಲ್ಲಿ ಹೊಸದಾಗಿ ಬಂದದ್ದನ್ನು, ತಿದ್ದಿದ್ದನ್ನು ಬಲಕ್ಕೆ ಒಯ್ಯುವುದು, ಅಳಿಸುವುದಿಲ್ಲ. ಕ್ಯಾಮರಾದ ಫೋಟೋಗಳನ್ನು ಕಂಪ್ಯೂಟರಿಗೆ ಸೇರಿಸುತ್ತಾ ಹೋಗಲು ಇದು ಅನುಕೂಲ.

‘ಟೂ ವೇ’ ಎಂದರೆ ಇಬ್ಬಗೆ. ಎರಡೂ ಕಡೆಯ ಬದಲಾವಣೆಯನ್ನು ಪರಸ್ಪರ ಒಯ್ಯುವುದು. ಮನೆಯಲ್ಲಿ ತಂದೆ, ಪೇಟೆಯಲ್ಲಿ ಮಗಳು, ಇಬ್ಬರೂ ಬರೆಯುವ ಲೆಕ್ಕಕ್ಕೆ ಬೇಕಾದ್ದು ಇದು. ಆದರೆ ಇದರಲ್ಲೊಂದು ತೊಡಕಿದೆ. ಎಡದಲ್ಲಿ ಒಂದು ಫೈಲು ಇದೆ, ಬಲದಲ್ಲಿ ಇಲ್ಲ ಎಂದುಕೊಳ್ಳಿ. ಅದು ಎಡದಲ್ಲಿ ಹೊಸದಾಗಿ ಹುಟ್ಟಿದ್ದೋ, ಅಥವಾ ಬಲದಲ್ಲಿ ಬೇಡವೆಂದು ಅಳಿಸಿದ್ದೋ? ಈಗಿನ ಎರಡು ಕಪಾಟುಗಳನ್ನು ಎಷ್ಟು ಹೊತ್ತು ನೋಡಿದರೂ ಇದು ತಿಳಿಯುವುದಿಲ್ಲ. ಕಳೆದ ಸಲ ಏನಿತ್ತು ಎಂಬ ನೆನಪು ಬೇಕು. ಅದಕ್ಕಾಗಿ ಇಂತಹ ಪ್ರೋಗ್ರಾಮುಗಳು ಪ್ರತಿ ಸಲ ಹೊಂದಿಸಿದ ಮೇಲೆ ಒಂದು ದಾಖಲೆ ಬರೆದಿಟ್ಟುಕೊಳ್ಳುತ್ತವೆ. ಮೊದಲ ಸಲ ಆ ದಾಖಲೆ ಇರುವುದಿಲ್ಲವಾದ್ದರಿಂದ ಮೊದಲ ಹೊಂದಿಕೆಯನ್ನು ನಾವೇ ಕಣ್ಣಿಟ್ಟು ಮಾಡಬೇಕು.

ನಡೆಸುವ ಕ್ರಮ

ಈ ಕೆಲಸಕ್ಕೆ ಹಲವು ಪ್ರೋಗ್ರಾಮುಗಳಿವೆ. ‘ವಿನ್‌ಮರ್ಜ್’ ಹೋಲಿಕೆಗೆ ಒಳ್ಳೆಯದು. ನಾನು ಬಳಸುವುದು ‘ಫ್ರೀಫೈಲ್‌ಸಿಂಕ್’. 2008ರಿಂದ ಬಳಕೆಯಲ್ಲಿದೆ, ಮನೆಬಳಕೆಗೆ ಉಚಿತ. ಇಂತಹದನ್ನು ಅದರ ಸ್ವಂತ ತಾಣದಿಂದಲೇ ಇಳಿಸಿಕೊಳ್ಳಬೇಕು, ಕಂಡಕಂಡಲ್ಲಿಂದ ಅಲ್ಲ. ಕ್ರಮ ಹೀಗೆ:

1. ತೆರೆದಿರುವ ಲೆಕ್ಕದ ಫೈಲುಗಳನ್ನೆಲ್ಲ ಮುಚ್ಚಬೇಕು. ಎಕ್ಸೆಲ್ ಆಗಲಿ, ಟ್ಯಾಲಿ ಆಗಲಿ ತೆರೆದಿರುವಾಗ ನಕಲು ಮಾಡಿದರೆ ಅರ್ಧ ಬರೆದ ಪುಸ್ತಕ ಕೈಗೆ ಬರಬಹುದು.

2. ಎಡದ ಚೌಕಕ್ಕೆ ಕಂಪ್ಯೂಟರಿನ ‘ತೋಟ’, ಬಲದ ಚೌಕಕ್ಕೆ ಪೆನ್ ಡ್ರೈವಿನ ‘ತೋಟ’ ಆರಿಸಬೇಕು. ಎಂದಿಗೂ ಕಂಪ್ಯೂಟರು ಎಡ, ಪೆನ್ ಡ್ರೈವು ಬಲ ಎಂದು ಒಂದೇ ಪದ್ಧತಿ ಇಟ್ಟುಕೊಂಡರೆ ದಿಕ್ಕು ತಪ್ಪುವುದಿಲ್ಲ. ಪೆನ್ ಡ್ರೈವಿಗೆ ಇಂದು ‘ಇ’ ಎಂಬ ಅಕ್ಷರ, ನಾಳೆ ‘ಎಫ್’ ಎಂಬ ಅಕ್ಷರ ಬರುವುದುಂಟು, ಅದನ್ನೂ ನೋಡಿಕೊಳ್ಳಬೇಕು.

3. ‘ಕಂಪೇರ್’ ಒತ್ತಬೇಕು. ಇಲ್ಲಿಯತನಕ ಏನೂ ಬದಲಾಗುವುದಿಲ್ಲ. ಎರಡೂ ಕಡೆಯ ಪಟ್ಟಿ ಬಂದು, ನಡುವೆ ಪ್ರತಿ ಸಾಲಿಗೂ ಬಾಣದ ಗುರುತು ಕಾಣುತ್ತದೆ.

4. ‘ಮಿರರ್’, ‘ಅಪ್‌ಡೇಟ್’, ‘ಟೂ ವೇ’ ಇವುಗಳಲ್ಲಿ ಬೇಕಾದ್ದನ್ನು ಆರಿಸಿ, ಬಾಣಗಳನ್ನು ಒಂದೊಂದಾಗಿ ಓದಬೇಕು. ಒಪ್ಪಿಗೆಯಾಗದ ಬಾಣವನ್ನು ಅಲ್ಲಿಯೇ ತಿರುಗಿಸಬಹುದು, ಅಥವಾ ಆ ಸಾಲನ್ನು ಬಿಡಬಹುದು. ಬೋರ್ಡೋ ಹೊಡೆಯುವ ಮುಂಚೆ ಕಬ್ಬಿಣದ ಚಾಕು ಅದ್ದಿ ಕೆಂಪು ಹತ್ತುತ್ತದೆಯೇ ಎಂದು ನೋಡುತ್ತೇವಲ್ಲ, ಅಂತಹ ಪರೀಕ್ಷೆಯ ಹಂತ ಇದು. ಇದನ್ನು ಬಿಡಕೂಡದು.

5. ಅಳಿಸಿದ ಫೈಲು ಎಲ್ಲಿಗೆ ಹೋಗಬೇಕೆಂದು ಹೊಂದಾಣಿಕೆಯಲ್ಲಿ ಹೇಳಬೇಕು. ‘ವರ್ಷನಿಂಗ್’ ಆರಿಸಿ ಒಂದು ಬೇರೆ ಫೋಲ್ಡರು ತೋರಿಸಿದರೆ, ಅಳಿಸಿದ ಮತ್ತು ಮೇಲೆ ಬರೆದ ಹಳೆಯ ಪ್ರತಿಗಳೆಲ್ಲ ದಿನಾಂಕ ಸಹಿತ ಅಲ್ಲಿ ಸೇರುತ್ತವೆ. ‘ರೀಸೈಕಲ್ ಬಿನ್’ ಮೇಲೆ ಭರವಸೆ ಇಡಬೇಡಿ. ಪೆನ್ ಡ್ರೈವಿನಿಂದ ಅಳಿಸಿದ್ದು ಸಾಮಾನ್ಯವಾಗಿ ಅಲ್ಲಿಗೆ ಬರುವುದೇ ಇಲ್ಲ.

6. ‘ಸಿಂಕ್ರೊನೈಸ್’ ಒತ್ತಿದಾಗ, ಎಷ್ಟು ಹೊಸದು, ಎಷ್ಟು ತಿದ್ದಿದ್ದು, ಎಷ್ಟು ಅಳಿಸುವುದು ಎಂಬ ಸಂಖ್ಯೆ ಮೊದಲು ಬರುತ್ತದೆ. ಒಂದೆರಡು ಅಳಿಸಬೇಕಾದಲ್ಲಿ ಇನ್ನೂರು ಎಂದು ಕಂಡರೆ, ಅಥವಾ ಎರಡು ಫೋಲ್ಡರುಗಳಲ್ಲಿ ಬಹಳ ವ್ಯತ್ಯಾಸವಿದೆ ಎಂಬ ಎಚ್ಚರಿಕೆ ಬಂದರೆ ಕೂಡಲೇ ನಿಲ್ಲಿಸಬೇಕು. ಬೇರೆ ಫೋಲ್ಡರು ಆರಿಸಿದ್ದೀರಿ ಎಂದೇ ತಿಳಿಯಿರಿ.

7. ಮುಗಿದ ಮೇಲೆ ಇನ್ನೊಮ್ಮೆ ‘ಕಂಪೇರ್’ ಒತ್ತಿ ವ್ಯತ್ಯಾಸವೇನೂ ಉಳಿದಿಲ್ಲವೆಂದು ನೋಡಬೇಕು. ಆಮೇಲೆ ಪೆನ್ ಡ್ರೈವನ್ನು ‘ಇಜೆಕ್ಟ್’ ಕೊಟ್ಟೇ ತೆಗೆಯಬೇಕು.

ನನ್ನ ಲೆಕ್ಕವನ್ನೇ ಉದಾಹರಣೆಯಾಗಿ ಹಿಡಿದರೆ

ಆ ಸಂಕ್ರಾಂತಿಯಂದು ನಾನು ಒಂದು ಸಲ ಹೋಲಿಸಿದ್ದರೆ ಏನು ಕಾಣುತ್ತಿತ್ತು? ‘ಅಡಿಕೆ ಲೆಕ್ಕ’ ಎಂಬಲ್ಲಿ ಬಲದ್ದು ಹೊಸದು, ಬಾಣ ಎಡಕ್ಕೆ. ‘ಕುಯ್ಲು ಲೆಕ್ಕ’ ಎಂಬಲ್ಲಿ ಎಡದ್ದು ಹೊಸದು, ಬಾಣ ಬಲಕ್ಕೆ. ‘ಮಳೆ ಲೆಕ್ಕ’ ಎರಡೂ ಕಡೆ ಸಮ. ಮಗನದ್ದು ಒಂದು ಕಡೆ, ನನ್ನದು ಒಂದು ಕಡೆ, ಎರಡೂ ಉಳಿಯುತ್ತಿದ್ದವು. ಇಡೀ ಕೆಲಸಕ್ಕೆ ಐದು ನಿಮಿಷ ಸಾಕಾಗುತ್ತಿತ್ತು. ನಾನು ಮಾಡಿದ್ದು ಎಲ್ಲ ಬಾಣಗಳನ್ನೂ ಕುರುಡಾಗಿ ಎಡಕ್ಕೆ ತಿರುಗಿಸುವ ಕೆಲಸ.

ಆದರೆ ಒಂದು ಮಾತು. ‘ಮುಂಗಡ ಲೆಕ್ಕ’ವನ್ನು ನಾವಿಬ್ಬರೂ ತಿದ್ದಿದ್ದೆವು. ಮಗ ಹಳೆಯ ಕೂಡಿಕೆಯ ತಪ್ಪು ಸರಿಮಾಡಿದ್ದ, ನಾನು ಹೊಸದಾಗಿ ಕೊಟ್ಟ ಮುಂಗಡ ಬರೆದಿದ್ದೆ. ಇಲ್ಲಿ ಹೊಸ ದಿನಾಂಕದ್ದನ್ನು ಇಟ್ಟುಕೊಂಡರೂ ತಪ್ಪೇ, ಹಳೆಯದನ್ನು ಇಟ್ಟುಕೊಂಡರೂ ತಪ್ಪೇ. ಹಿಂದಿನ ದಾಖಲೆ ಇದ್ದರೆ ಪ್ರೋಗ್ರಾಮು ಇಂತಹ ಸಾಲನ್ನು ಬಾಣವಿಲ್ಲದೆ ಬಿಟ್ಟು, ತಗಾದೆ ಎಂದು ಗುರುತು ಹಾಕಿ ನಮ್ಮ ತೀರ್ಮಾನಕ್ಕೆ ಕಾಯುತ್ತದೆ. ಮೊದಲ ಸಲವಾದರೆ ಅದಕ್ಕೂ ಗೊತ್ತಾಗದೆ ಹೊಸ ದಿನಾಂಕದ್ದನ್ನೇ ಗೆಲ್ಲಿಸಿಬಿಡುತ್ತದೆ. ಇದಕ್ಕಿರುವ ದಾರಿ ಒಂದೇ: ಎರಡನ್ನೂ ತೆರೆದು ಪಕ್ಕಪಕ್ಕ ಇಟ್ಟು, ಮನುಷ್ಯರೇ ಕುಳಿತು ಒಂದು ಮಾಡಬೇಕು. ಯಂತ್ರ ದಿನಾಂಕ ಬಲ್ಲದು. ಯಾರಿಗೆ ಎಷ್ಟು ಮುಂಗಡ ಕೊಟ್ಟೆವು ಎಂಬುದನ್ನು ಅದು ಬಲ್ಲದಲ್ಲ.

ಇಂತಹ ತಗಾದೆ ಬಾರದಂತೆ ಮಾಡುವುದು ಇನ್ನೂ ಮೇಲು. ಯಾವ ಫೈಲನ್ನು ಯಾರು ತಿದ್ದಬೇಕು ಎಂದು ಮನೆಯಲ್ಲಿ ಮೊದಲೇ ಮಾತಾಡಿಕೊಳ್ಳಿ. ಅಡಿಕೆ ಲೆಕ್ಕ ಮಗನದ್ದು, ಕುಯ್ಲು ಲೆಕ್ಕ ನನ್ನದು, ಮುಂಗಡ ಲೆಕ್ಕ ಮನೆಯಾಕೆಯದ್ದು ಎಂದು ಈಗ ನಮ್ಮಲ್ಲಿ ಹಂಚಿಕೆಯಾಗಿದೆ. ಫೈಲಿನ ಹೆಸರನ್ನೂ ‘ಹೊಸ ಲೆಕ್ಕ’, ‘ಸರಿಯಾದ ಹೊಸ ಲೆಕ್ಕ’ ಎಂದು ಇಡದೆ, ‘2025-01 ಕುಯ್ಲು’ ಎಂಬಂತೆ ವರ್ಷ, ತಿಂಗಳು ಮೊದಲು ಬರುವಂತೆ ಇಟ್ಟರೆ ಪಟ್ಟಿಯಲ್ಲಿ ತಾವಾಗಿ ಕ್ರಮವಾಗಿ ನಿಲ್ಲುತ್ತವೆ. ತಿಂಗಳಿಗೊಂದು ಫೈಲಾದರೆ, ಒಂದು ಹಾಳಾದರೂ ಒಂದು ತಿಂಗಳದ್ದು ಮಾತ್ರ ಹಾಳು.

ಹೊಂದಿಸಿದ ಮಾತ್ರಕ್ಕೆ ಕಾಪಿಟ್ಟಂತಲ್ಲ

ಇದು ಬಹಳ ಜನ ತಪ್ಪು ತಿಳಿದಿರುವ ಸಂಗತಿ. ಎರಡು ಕಡೆ ಸದಾ ಒಂದೇ ರೀತಿ ಇದ್ದರೆ, ಒಂದು ಕಡೆಯ ತಪ್ಪು ಇನ್ನೊಂದು ಕಡೆಗೂ ಹೋಗುತ್ತದೆ. ಬೆಳಿಗ್ಗೆ ಕೈತಪ್ಪಿ ಅಳಿಸಿದ್ದು ಸಂಜೆ ಹೊಂದಿಸಿದಾಗ ಅಲ್ಲಿಯೂ ಅಳಿಯುತ್ತದೆ. ವೈರಸ್ಸು ಹೊಕ್ಕು ಫೈಲುಗಳಿಗೆ ಬೀಗ ಹಾಕಿ ಹಣ ಕೇಳುವ ಹಾವಳಿ 2017ರ ಮೇ ತಿಂಗಳಿನಲ್ಲಿ ‘ವಾನಾಕ್ರೈ’ ಎಂಬ ಹೆಸರಿನಲ್ಲಿ ಲೋಕವನ್ನೆಲ್ಲ ಕಾಡಿತು. ಹಾಗೆ ಕೆಟ್ಟ ಫೈಲುಗಳಿಗೂ ಹೊಸ ದಿನಾಂಕವೇ ಇರುತ್ತದೆ. ಹೊಂದಿಸಿದರೆ ಒಳ್ಳೆಯ ಪ್ರತಿಯ ಮೇಲೆ ಅವೇ ಕೂರುತ್ತವೆ. ಗೂಗಲ್ ಡ್ರೈವ್, ಒನ್‌ಡ್ರೈವ್ ಮುಂತಾದವಕ್ಕೂ ಇದೇ ಮಾತು. ಇಲ್ಲಿ ಅಳಿಸಿದರೆ ಅಲ್ಲಿಯೂ ಅಳಿಯುತ್ತದೆ. ಗೂಗಲ್ ಡ್ರೈವಿನ ಕಸದ ಬುಟ್ಟಿಯಲ್ಲಿ 30 ದಿನ ಇರುತ್ತದೆ, ಅಷ್ಟರಲ್ಲಿ ತೆಗೆಯದಿದ್ದರೆ ಹೋಯಿತು.

ಆದ್ದರಿಂದ ಹೊಂದಿಕೆಯಿಂದ ಹೊರಗಿರುವ ಒಂದು ಪ್ರತಿ ಬೇಕು. ಛಾಯಾಗ್ರಾಹಕ ಪೀಟರ್ ಕ್ರೋಗ್ ಬಳಕೆಗೆ ತಂದ 3-2-1 ಎಂಬ ಸೂತ್ರ ನೆನಪಿಡಲು ಸುಲಭ: ಒಟ್ಟು 3 ಪ್ರತಿ, 2 ಬೇರೆ ಬಗೆಯ ವಸ್ತುವಿನಲ್ಲಿ, ಅದರಲ್ಲಿ 1 ಮನೆಯಿಂದ ಹೊರಗೆ. ನಮ್ಮ ಮಲೆನಾಡಿನಲ್ಲಿ ಗುಡುಗು ಸಿಡಿಲಿನ ಕಾಲಕ್ಕೆ ಇದು ಇನ್ನಷ್ಟು ಅಗತ್ಯ. ಸಿಡಿಲು ಲೈನಿನಲ್ಲಿ ಬಂದರೆ ಕಂಪ್ಯೂಟರು, ಅದಕ್ಕೆ ಸಿಕ್ಕಿಸಿದ ಡಿಸ್ಕು ಒಟ್ಟಿಗೆ ಸುಡುತ್ತವೆ. ಕೆಲಸ ಮುಗಿದ ಕೂಡಲೇ ಡಿಸ್ಕನ್ನು ಬಿಡಿಸಿ ಕಪಾಟಿನಲ್ಲಿಡುವುದು, ಇನ್ನೊಂದನ್ನು ತಂಗಿಯ ಮನೆಯಲ್ಲೋ ನೆಂಟರ ಮನೆಯಲ್ಲೋ ಇಡುವುದು ಕ್ಷೇಮ.

ಕಲಿಯಲು ಅಭ್ಯಾಸ

ನಿಜವಾದ ಲೆಕ್ಕದ ಮೇಲೆ ಮೊದಲ ಪಾಠ ಬೇಡ. ಡೆಸ್ಕ್‌ಟಾಪಿನಲ್ಲಿ ‘ಎಡ’ ಎಂಬ ಫೋಲ್ಡರು ಮಾಡಿ, ನೋಟ್‌ಪ್ಯಾಡಿನಲ್ಲಿ ಅಡಿಕೆ, ಕಾಫಿ, ಮೆಣಸು, ಏಲಕ್ಕಿ ಎಂಬ ನಾಲ್ಕು ಫೈಲು ಬರೆಯಿರಿ. ಅದನ್ನು ನಕಲು ಮಾಡಿ ‘ಬಲ’ ಎಂದು ಹೆಸರಿಡಿ. ‘ಟೂ ವೇ’ಯಲ್ಲಿ ಒಂದು ಸಲ ಹೊಂದಿಸಿ, ದಾಖಲೆ ಹುಟ್ಟಲಿ. ಆಮೇಲೆ ಎಡದಲ್ಲಿ ಅಡಿಕೆಯನ್ನು ತಿದ್ದಿ, ಬಲದಲ್ಲಿ ಕಾಫಿಯನ್ನು ತಿದ್ದಿ, ಬಲದಲ್ಲಿ ಮೆಣಸನ್ನು ಅಳಿಸಿ, ಏಲಕ್ಕಿಯನ್ನು ಎರಡೂ ಕಡೆ ಬೇರೆ ಬೇರೆಯಾಗಿ ತಿದ್ದಿ. ಈಗ ‘ಕಂಪೇರ್’ ಒತ್ತುವ ಮುಂಚೆ, ನಾಲ್ಕು ಬಾಣಗಳು ಯಾವ ಕಡೆ ಇರಬೇಕೆಂದು ಒಂದು ಕಾಗದದಲ್ಲಿ ಬರೆದುಕೊಳ್ಳಿ. ಆಮೇಲೆ ಒತ್ತಿ, ತಾಳೆ ನೋಡಿ. ಅಡಿಕೆ ಬಲಕ್ಕೆ, ಕಾಫಿ ಎಡಕ್ಕೆ, ಮೆಣಸು ಎಡದಲ್ಲಿಯೂ ಅಳಿಯುವುದು, ಏಲಕ್ಕಿ ತಗಾದೆ. ಬಳಿಕ ಅದೇ ಪಟ್ಟಿಗೆ ‘ಮಿರರ್’ ಆರಿಸಿ, ಬಾಣಗಳೆಲ್ಲ ಹೇಗೆ ತಿರುಗುತ್ತವೆ ನೋಡಿ, ಒತ್ತಬೇಡಿ. ಇಷ್ಟು ಅರ್ಥವಾದರೆ ಪಾಠ ಮುಗಿದಂತೆ.

ಕುಯ್ಲಿನ ಕಾಲದಲ್ಲಿ ದಿನಕ್ಕೊಮ್ಮೆ, ಉಳಿದ ಕಾಲದಲ್ಲಿ ವಾರಕ್ಕೊಮ್ಮೆ ಹೊಂದಿಸಿದರೆ ಸಾಕು. ವರ್ಷದ ಕೊನೆಗೆ ಅಕ್ಷರಕ್ಕಕ್ಷರ ಹೋಲಿಸಿ ಒಂದು ಪ್ರತಿ ತೆಗೆದಿಡಿ. ಮತ್ತು ಕೂಲಿ ಬಟವಾಡೆಯಾಗಿ ಎಲ್ಲರೂ ಒಪ್ಪುವ ತನಕ ಚೀಟಿಗಳನ್ನು ಒಲೆಗೆ ಹಾಕಬೇಡಿ.

ನಮ್ಮಲ್ಲಿ ಈಗ ಪ್ರತಿ ಶನಿವಾರ ಆ ವಾರದ ತೂಕದ ಪಟ್ಟಿಯನ್ನು ಕಣದಲ್ಲಿ ಗಟ್ಟಿಯಾಗಿ ಓದುತ್ತೇವೆ. ಆಕೆ ಮಗಳ ಪುಸ್ತಕ ಹಿಡಿದು ಕೂರುತ್ತಾಳೆ. ಮಗಳು ಈಗ ಕಾಲೇಜಿಗೆ ಹೋಗುತ್ತಾಳೆ, ಪುಸ್ತಕ ಮಾತ್ರ ನಿಂತಿಲ್ಲ. ಕಳೆದ ಕುಯ್ಲಿನಲ್ಲಿ ಒಂದು ದಿನ ನನ್ನ ಪಟ್ಟಿಯಲ್ಲಿ 61, ಅವಳದ್ದರಲ್ಲಿ 67 ಎಂದು ಬಂತು. ಚೀಟಿ ತೆಗೆದು ನೋಡಿದೆವು. 67 ಎಂದೇ ಇತ್ತು.